ಜೊತೆಗೆ ಬಂದದ್ದು

ಬಿಟ್ಟ ಉಸಿರು ಕಿವಿಯ ಬಳಿಯೇ ಹೆಪ್ಪುಗಟ್ಟಿ
ಸಣ್ಣಗೆ ಸದ್ದು ಮಾಡುತ್ತ ಉದುರುತ್ತದೆ,
ಜರಡಿಯಿಂದ ರವೆ ಬಿದ್ದ ಹಾಗೆ.
ಇಂಡಿಗಿರ್ಕಾ ಹೊಳೆ ಈಗ ಲಾರಿಗಳ ರಸ್ತೆ.
ಅದರಾಚೆ ಬಯಲಲ್ಲಿ
ಕೊಟ್ಟಿಗೆಯಿಲ್ಲದೆ, ಕಂಬಳಿಯಿಲ್ಲದೆ
ನಮ್ಮ ಹದಿನೇಳು ಕುದುರೆ.

ದೂರದವರು ಕಂಡರೆ ಕುದುರೆ ಎನ್ನಲಿಕ್ಕಿಲ್ಲ.
ಗಿಡ್ಡ ಕಾಲು, ಪೀಪಾಯಿ ಹೊಟ್ಟೆ,
ಯಾವುದೋ ಕರಡಿಯ ತೊಗಲು ಎರವಲು ತಂದು
ಅವಸರಕ್ಕೆ ಹೊದ್ದುಕೊಂಡಂತೆ ಮೈ.
ಅರಸರ ಮೆರವಣಿಗೆಗೆ ಒದಗುವುದಲ್ಲ.
ಮುಂಗಾಲೆತ್ತಿ ಕೆರೆಯುತ್ತದೆ, ಮತ್ತೆ ಕೆರೆಯುತ್ತದೆ,
ಮೊಣಕಾಲುದ್ದ ಹಿಮ ಬಗೆದು
ಹಸಿರಾಗಿಯೇ ಸೆಟೆದು ನಿಂತ ಹುಲ್ಲಿಗೆ
ಮೂತಿ ತೂರಿಸುತ್ತದೆ.
ಆ ಕೆರೆತದ ಸದ್ದೇ ನನ್ನ ಜೋಗುಳ
ಎನ್ನುತ್ತಿದ್ದ ಬಾಯ್ಬಾಲಜ್ಜ.

ಅವನ ಅವ್ವ ಸ್ಯೋಕ್ಲಾ.
ಯುದ್ಧದ ವರ್ಷ, ಹುಲ್ಲೂ ಮೀನೂ ಮುನಿದ ವರ್ಷ,
ಪೈನ್ ತೊಗಟೆ ಕುಟ್ಟಿ ಗಂಜಿ ಕಾಯಿಸಿದವಳು.
ಕುದುರೆಗಳೆಲ್ಲ ಸರ್ಕಾರದ್ದು,
ಮುಟ್ಟಿದರೆ ಜೈಲು.
ನಡುರಾತ್ರಿ ಹೋಗಿ ಬಾಲದ ಕೂದಲು ಕದ್ದಳು,
ಒಂದೊಂದು ಕುದುರೆಗೆ ಒಂದೊಂದು ಹಿಡಿ,
ಲೆಕ್ಕದವನಿಗೆ ತಿಳಿಯದಷ್ಟು.
ಬಲೆ ಹೆಣೆದಳು.
ಮಂಜುಗಡ್ಡೆಯ ತೂತಿನಲ್ಲಿ ಇಳಿಬಿಟ್ಟಳು.
ಮೂವರು ಮಕ್ಕಳಲ್ಲಿ ಇಬ್ಬರು ಉಳಿದರು.
ಕೂದಲು ಸಾಲಲಿಲ್ಲ, ಅಂದಳಂತೆ
ಸಾಯುವವರೆಗೂ.

ಒಂದು ಬೇಸಿಗೆ ಹೊಳೆಯ ದಡ ಕರಗಿ ಜರಿದು
ಮಣ್ಣೊಳಗಿಂದ ಕುದುರೆಯೊಂದು ಹೊರಬಿತ್ತು.
ಕಂದು ಚರ್ಮ, ಪುಟ್ಟ ಗೊರಸು,
ರೆಪ್ಪೆಯ ಕೂದಲೂ ಹಾಗೇ ಇತ್ತು.
ನಲವತ್ತು ಸಾವಿರ ವರ್ಷದ ನಿದ್ದೆ ಅಂದರು.
ಊರಿಗೆ ಊರೇ ಬೀಗಿತು:
ನೋಡಿ, ನಮ್ಮ ಕುದುರೆಯ ಮುತ್ತಜ್ಜ!
ನಾವು ಬರುವ ಮೊದಲೇ ಇಲ್ಲಿ ಕಾದಿತ್ತು!

ಯಾಕುತ್ಸ್ಕ್‌ನಿಂದ ಕ್ಯೂನ್ನೆಯ್ ಎಂಬ ಹೆಂಗಸು ಬಂದಳು.
ಸತ್ತದ್ದರ ಮೂಳೆ, ಬದುಕಿದ್ದರ ರಕ್ತ ಒಯ್ದಳು.
ಮರುವರ್ಷ ಬಂದು, ಚಹಾ ಆರುವ ತನಕ ಸುಮ್ಮನಿದ್ದು,
'ಇಲ್ಲ' ಅಂದಳು.
ಅದರ ವಂಶ ಅದರೊಂದಿಗೇ ಮುಗಿಯಿತು.
ನಿಮ್ಮದು ದಕ್ಷಿಣದ ಹುಲ್ಲುಗಾವಲಿನದು,
ನಿಮ್ಮ ಹಿರೀಕರ ಜೊತೆಗೇ ನಡೆದು ಬಂದದ್ದು,
ಎಂಟುನೂರು ವರ್ಷ ಆಗಿದ್ದರೆ ಹೆಚ್ಚು.

ಅಜ್ಜ ಎದ್ದ. ಟೊಪ್ಪಿಗೆ ಮರೆತೇ ಹೊರಗೆ ನಡೆದ.
ಬೂದು ಹೆಣ್ಗುದುರೆಯ ಬೆನ್ನಿಗಂಟಿದ ಮಂಜುಗಡ್ಡೆ
ಮರದ ಹಲಗೆಯಲ್ಲಿ ಕೆರೆಯುತ್ತ ಕೆರೆಯುತ್ತ
'ಹಾಗಾದರೆ ನೀನೂ ಬಂದವಳೇ' ಅಂದ.
'ನನಗಿಂತ ಬೇಗ ಕಲಿತೆಯಲ್ಲೇ, ಕಳ್ಳಿ.
ನಾನಿನ್ನೂ ಒಲೆ ಬಿಟ್ಟು ಮಲಗಲಾರೆ.'

ಪೂಜಿಸುವುದೂ ಇದನ್ನೇ, ತಿನ್ನುವುದೂ ಇದನ್ನೇ.
ಅಕ್ಟೋಬರಿನಲ್ಲಿ ಮರಿಯನ್ನು ಕಡಿಯುತ್ತೇವೆ,
ಹೆಪ್ಪಾದ ಪಿತ್ತಜನಕಾಂಗ ಎಲೆಯಷ್ಟು ತೆಳ್ಳಗೆ ಹೆರೆದು
ಉಪ್ಪು ಉದುರಿಸುತ್ತೇವೆ.
ಜೂನ್ ಬಂದರೆ ಅದೇ ಕೈಯಿಂದ
ಮೂರು ಗೊರಸುಗಾಲಿನ ಮರದ ಬಟ್ಟಲೆತ್ತಿ
ಹುಳಿ ಬಂದ ಕುದುರೆಹಾಲನ್ನು ಸೂರ್ಯನಿಗೆ ಚಿಮುಕಿಸುತ್ತೇವೆ.
ನಾಚಿಕೆಯಾಗುವುದಿಲ್ಲವೇ ಎಂದು ಕೇಳಿದ
ಮಾಸ್ಕೋದ ಟೀವಿ ಹುಡುಗ.
ಅಜ್ಜ ಅವನ ತಟ್ಟೆಗೆ ಇನ್ನೊಂದು ತುಂಡು ಹಾಕಿದ.
ಹುಡುಗ ತಿಂದ.

ಅಜ್ಜ ಹೋಗಿ ಎರಡು ಚಳಿಗಾಲ.
ಅಂಗಳದಲ್ಲಿ ಅವನು ಕೆತ್ತಿ ನೆಟ್ಟ ಕುದುರೆಗೂಟ
ಹೊಳೆಯ ಕಡೆಗೆ ವಾಲಿದೆ.
ಕಟ್ಟುವವರಿಲ್ಲದ ಗೂಟವನ್ನೂ ನಾವು ಕೀಳುವುದಿಲ್ಲ,
ಆತು ನಿಲ್ಲಿಸುವುದೂ ಇಲ್ಲ.
ಬೀಳುವುದು ಅದರ ಕೆಲಸ.

ನಿನ್ನೆ ಕತ್ತಲಿರುವಾಗಲೇ ಬೂದು ಹೆಣ್ಣು
ಬಯಲು ಬಿಟ್ಟು ಒಬ್ಬಳೇ ಬಂದಿದ್ದಳು.
ಕುತ್ತಿಗೆಯನ್ನು ಗೂಟಕ್ಕೆ ಉಜ್ಜಿ ಉಜ್ಜಿ
ತುರಿಕೆ ತೀರಿದ ಮೇಲೆ ಹೊರಟುಹೋದಳು.
ಮರದ ಸೀಳಿನಲ್ಲಿ ಒಂದಿಷ್ಟು ಕೂದಲು.
ಬಿಡಿಸಿಕೊಂಡೆ, ಬೆರಳಿಗೆ ಸುತ್ತಿ ನೋಡಿದೆ.
ಬಲೆಗೆ ಸಾಲದು.
ಇಟ್ಟುಕೊಂಡಿದ್ದೇನೆ.